ಎರಡು ಹತ್ತರಕಿ, ಒಂದು ಹೊಸ್ತಿಲು

ಹೋದ ಚಳಿಗಾಲದಲ್ಲಿ ನನ್ನ ತಮ್ಮನ ಮಗಳು ಮೊಬೈಲಿನಲ್ಲಿ ಒಂದು ವಿಡಿಯೋ ತಂದು ನನ್ನ ಮೂಗಿನ ಮುಂದೆ ಹಿಡಿದಳು. ಅಥಣಿ ಕಡೆಯ ಹೆಣ್ಣುಮಗಳೊಬ್ಬಳು ಜೋಳದ ಹೊಲದಲ್ಲಿ ಕುಕ್ಕರುಗಾಲಲ್ಲಿ ಕುಳಿತು, ನೆಲಕ್ಕೆ ಅಂಟಿಕೊಂಡು ಬೆಳೆದ ಸೊಪ್ಪನ್ನು ಚಿವುಟಿ ತೋರಿಸುತ್ತ, ಖರೇ ಹತ್ತರಕಿ ಅಂದರೆ ಇದೇ ನೋಡ್ರಿ ಎನ್ನುತ್ತಿದ್ದಳು. ಅಷ್ಟಕ್ಕೇ ಕೆಳಗೆ ಕಮೆಂಟುಗಳಲ್ಲಿ ಜನ ತೋಳೇರಿಸಿ ನಿಂತಿದ್ದರು. ನಿಪ್ಪಾಣಿ ಕಡೆಯವರಿಗೆ ಅದು ಹತ್ತರಕಿಯೇ ಅಲ್ಲ. ಹತ್ತರಕಿ ಎಂದರೆ ನೀರಿನ ಕಾಲುವೆಯ ದಂಡೆಗೆ ಮೊಣಕಾಲೆತ್ತರ ಎದ್ದು ನಿಲ್ಲುವ ಗಿಡ. ರಾಯಬಾಗದವನೊಬ್ಬ ಎರಡೂ ಅಲ್ಲ ಎಂದು ಮೂರನೆಯದೊಂದರ ಫೋಟೋ ಹಾಕಿದ್ದ. ಕಾಗವಾಡದ ಯಾರೋ ಮರಾಠಿಯಲ್ಲಿ ಎಲ್ಲರನ್ನೂ ಒಟ್ಟಿಗೆ ಬೈದಿದ್ದರು. ಹುಡುಗಿಗೆ ನಗು ತಡೆಯಲಾಗಲಿಲ್ಲ. ನನಗೆ ಮಾತ್ರ ಮೈಯೆಲ್ಲ ಉರಿದುಹೋಯಿತು. ಹೊಲದಲ್ಲಿ ತಾನಾಗಿ ಹುಟ್ಟುವ ಎರಡು ಸೊಪ್ಪಿಗೆ ಜನ ಒಂದೇ ಹೆಸರು ಇಟ್ಟುಕೊಂಡರೆ ಯಾರ ಗಂಟು ಹೋಗುತ್ತದೆ? ಎರಡನ್ನೂ ತಿಂದು ಸುಮ್ಮನಿರಬಹುದಲ್ಲ? ಈ ಪ್ರಶ್ನೆಯನ್ನು ನಾನು ಚಿಕ್ಕವಳಿದ್ದಾಗ ನಮ್ಮ ಮನೆಯ ಇಬ್ಬರು ಹೆಂಗಸರಿಗೆ ಕೇಳಿದ್ದೆ. ಇಬ್ಬರಿಂದಲೂ ಬೈಸಿಕೊಂಡೆ.

ಕಬ್ಬೂರಿನ ನಮ್ಮ ಮನೆ ಒಂದೇ ಸಾಲಿನಲ್ಲಿತ್ತು. ಮುಂದೆ ಪಡಸಾಲೆ, ಆಮೇಲೆ ನಡುಮನೆ, ಅದರ ಹಿಂದೆ ಅಡುಗೆಮನೆ, ಹಿತ್ತಿಲಲ್ಲಿ ಎಮ್ಮೆಯ ಗೋದಲಿ. ನಡುಮನೆಯ ಬಾಗಿಲಿಗೆ ಬೆನ್ನು ಕೊಟ್ಟು ನನ್ನ ಆಯಿ, ಅಂದರೆ ಅಪ್ಪನ ತಾಯಿ, ಜಪಮಾಲೆ ಹಿಡಿದು ಕೂತಿರುತ್ತಿದ್ದಳು. ಆ ಜಾಗ ಆಕೆ ಆರಿಸಿಕೊಂಡದ್ದು ಸುಮ್ಮನೆ ಅಲ್ಲ. ಅಲ್ಲಿಂದ ಎಡಕ್ಕೆ ನೋಡಿದರೆ ಓಣಿ ಕಾಣುತ್ತಿತ್ತು, ಬಲಕ್ಕೆ ನೋಡಿದರೆ ಒಲೆ. ಯಾರು ಬಂದರು, ಏನು ತಂದರು, ಪಾತ್ರೆಯಲ್ಲಿ ಏನು ಬಿತ್ತು, ಎಲ್ಲವೂ ಆಕೆಯ ಕಣ್ಣೆದುರೇ ಆಗಬೇಕು. ನಮ್ಮದು ಜೈನರ ಮನೆ. ನೀರು ಸೋಸಿಯೇ ಕುಡಿಯಬೇಕು, ಹೊತ್ತು ಮುಳುಗುವ ಮೊದಲೇ ಊಟ ಮುಗಿಯಬೇಕು, ಮಳೆಗಾಲದ ನಾಲ್ಕು ತಿಂಗಳು ತೊಪ್ಪಲು ಪಲ್ಲೆ, ಅಂದರೆ ಸೊಪ್ಪು, ಇಲ್ಲ. ಹಾಗಾಗಿ ದೀಪಾವಳಿ ದಾಟಿ ಚಳಿ ಬಿದ್ದು ಜೋಳ ಮೊಳಕಾಲಿಗೆ ಬಂತೆಂದರೆ ಮನೆಯವರೆಲ್ಲರ ಬಾಯಿ ಹಸಿರಿಗೆ ಹಾತೊರೆಯುತ್ತಿತ್ತು. ಆಗಲೇ ಹತ್ತರಕಿ ಬರುವುದು. ಆಗಲೇ ನಮ್ಮ ಮನೆಯಲ್ಲಿ ಜಗಳ ಶುರುವಾಗುವುದು.

ಆಯಿ ಅಥಣಿ ಸೀಮೆಯ ಎರೆಮಣ್ಣಿನವಳು. ಆಕೆಯ ಹತ್ತರಕಿ ಒಣಹೊಲದಲ್ಲಿ, ಜೋಳದ ಸಾಲುಗಳ ನಡುವೆ, ಗರಗಸದ ಹಲ್ಲಿನಂಥ ಎಲೆಗಳನ್ನು ನೆಲದ ಮೇಲೆ ಹಾಸಿಕೊಂಡು ಮಲಗಿರುತ್ತಿತ್ತು. ಅದನ್ನು ಬೇಯಿಸುವಂತಿಲ್ಲ. ತೊಳೆದು ಹಸಿಯಾಗಿಯೇ ಬಿಸಿ ರೊಟ್ಟಿಯ ಮೇಲಿಟ್ಟು, ಗುರೆಳ್ಳು ಚಟ್ನಿ, ಶೇಂಗಾ ಎಣ್ಣೆ, ಗಟ್ಟಿ ಮೊಸರು ಹಾಕಿಕೊಂಡು ಸುರುಳಿ ಸುತ್ತಿ ತಿನ್ನಬೇಕು. ನನ್ನ ಅವ್ವ ಭೋಜದವಳು, ಹೊಳೆಯ ದಂಡೆಯ ತಂಬಾಕಿನ ಸೀಮೆಯವಳು. ಆಕೆಯ ಹತ್ತರಕಿ ನೀರಿರುವಲ್ಲಿ ಬೆಳೆಯುವುದು, ಎದ್ದು ನಿಲ್ಲುವುದು, ಎಲೆ ದಂಟನ್ನು ತಬ್ಬಿಕೊಂಡಿರುವುದು. ಅದನ್ನು ಕುದಿಸಿ, ಕಹಿ ನೀರನ್ನು ಹಿಂಡಿ ತೆಗೆದು, ಹೆಸರುಬೇಳೆಯ ಜೊತೆ ಒಗ್ಗರಣೆ ಹಾಕಿ, ಮೇಲೆ ಶೇಂಗಾ ಪುಡಿ ಉದುರಿಸಬೇಕು. ಎರಡನ್ನೂ ಮುರಿದರೆ ಬಿಳಿ ಹಾಲು ಬರುತ್ತದೆ, ಎರಡಕ್ಕೂ ಹಳದಿ ಹೂವು, ಎರಡೂ ಕಹಿ. ಆಯಿಯ ಊರಲ್ಲಿ ಅದಕ್ಕೆ ಹತ್ತರಕಿ ಅನ್ನುತ್ತಾರೆ, ಅವ್ವನ ಊರಲ್ಲಿ ಇದಕ್ಕೆ ಅನ್ನುತ್ತಾರೆ. ಇಷ್ಟೇ ವಿಷಯ. ಇದರಲ್ಲಿ ತಿಳಿಯದೇ ಹೋಗುವಂಥದ್ದು ಏನೂ ಇರಲಿಲ್ಲ, ಇಬ್ಬರಿಗೂ ತಿಳಿದೂ ಇತ್ತು.

ಆದರೆ ಅವ್ವ ನಮ್ಮ ಬಾವಿಯ ಕಾಲುವೆಯಿಂದ ತನ್ನದನ್ನು ಉಡಿಯಲ್ಲಿ ತುಂಬಿಕೊಂಡು ಬಂದರೆ ಆಯಿ ಬಾಗಿಲಲ್ಲೇ ತಡೆಯುತ್ತಿದ್ದಳು. ಎಮ್ಮೆಗೆ ಮೇವು ತಂದೆಯಾ, ಹಿತ್ತಿಲ ದಾರಿಯಿಂದ ಹೋಗು ಎನ್ನುತ್ತಿದ್ದಳು. ಆದರೂ ಅವ್ವ ಒಳಗೆ ಹೋಗಿ ಬೇಯಿಸುತ್ತಿದ್ದಳು. ಅಪ್ಪ ಊಟಕ್ಕೆ ಕೂತಾಗ ಎರಡೂ ಕಡೆಯಿಂದ ಕಣ್ಣು. ಅಪ್ಪ ಒಳ್ಳೆಯ ಮನುಷ್ಯ, ಆದರೆ ಇಂಥ ಹೊತ್ತಿನಲ್ಲಿ ಆತನಷ್ಟು ಹೇಡಿ ಇನ್ನೊಬ್ಬನಿರಲಿಲ್ಲ. ಒಂದು ತುತ್ತು ಇದರಲ್ಲಿ, ಒಂದು ತುತ್ತು ಅದರಲ್ಲಿ ತಿಂದು, ಮಜ್ಜಿಗೆ ಕುಡಿದು, ಹೊಲದಲ್ಲಿ ನೀರು ತಿರುವಬೇಕೆಂದು ಎದ್ದುಬಿಡುತ್ತಿದ್ದ. ಆಯಿಗೆ ಬೇಕಾದದ್ದು ಪಲ್ಲೆಯಲ್ಲ ಎಂದು ನನಗೆ ಈಗ ಗೊತ್ತು. ಸೊಸೆ ಬಂದು ಎಷ್ಟೋ ವರ್ಷವಾದರೂ ಆಕೆಯ ತವರಿನ ರುಚಿ ಈ ಒಲೆಯ ಮೇಲೆ ಹೆಸರಿಟ್ಟುಕೊಂಡು ಕುದಿಯಬಾರದು, ಅಷ್ಟೇ. ಅವ್ವನಿಗೂ ಬೇಕಾದದ್ದು ಪಲ್ಲೆಯೊಂದೇ ಅಲ್ಲ. ಉಳಿದ ಎಲ್ಲದರಲ್ಲೂ ಆಕೆ ಅತ್ತೆ ಹೇಳಿದಂತೆ ಬದಲಾಗಿದ್ದಳು. ಸೀರೆ ಉಡುವ ರೀತಿ ಬದಲಾಯಿತು, ಮರಾಠಿ ಬೆರೆತ ಮಾತು ಬದಲಾಯಿತು, ಸಾರಿಗೆ ಬೆಲ್ಲ ಹಾಕುವುದು ನಿಂತಿತು. ಈ ಒಂದನ್ನು ಮಾತ್ರ ಬಿಡಲೊಲ್ಲಳು.

ಬಿಡುವುದು ಎಂಬ ಮಾತಿಗೆ ನಮ್ಮಲ್ಲಿ ಬೇರೆಯೇ ತೂಕವಿದೆ. ಮುನಿಗಳ ಎದುರು ನಿಂತು ಇಂಥ ಪದಾರ್ಥವನ್ನು ಇನ್ನು ತಿನ್ನುವುದಿಲ್ಲ ಎಂದು ತ್ಯಾಗ ಮಾಡುವುದು ನಮ್ಮ ಪದ್ಧತಿ. ಕೆಲವರು ವರ್ಷಕ್ಕೆ ಬಿಡುತ್ತಾರೆ, ಕೆಲವರು ಜೀವ ಇರುವತನಕ. ಅಜ್ಜ ತೀರಿಕೊಂಡಾಗ ಆಯಿ ಬದನೆಕಾಯಿ ಬಿಟ್ಟಿದ್ದಳಂತೆ. ತಾನು ಬಿಟ್ಟದ್ದಷ್ಟೇ ಅಲ್ಲ, ಬಿಟ್ಟ ಪದಾರ್ಥ ಬಿಟ್ಟವಳ ಒಪ್ಪಿಗೆಯಿಲ್ಲದೆ ಮನೆಯ ಹೊಸ್ತಿಲು ದಾಟಬಾರದು ಎಂಬ ಕಟ್ಟಳೆಯನ್ನೂ ಮಾಡಿದ್ದಳು. ಅದು ಯಾವ ಶಾಸ್ತ್ರದಲ್ಲಿಯೂ ಇಲ್ಲ, ಆಯಿಯ ಸ್ವಂತದ್ದು. ನಮ್ಮ ಕಡೆ ಬದನೆಕಾಯಿ ಇಲ್ಲದ ಮನೆ ಎಂದರೆ ಜನ ಬೆರಗಾಗುತ್ತಾರೆ. ನಾವು ಮಕ್ಕಳು ಪಕ್ಕದ ಮನೆಯಲ್ಲಿ ಎಣ್ಣೆಗಾಯಿ ತಿಂದು ಬಾಯಿ ಒರೆಸಿಕೊಂಡು ಬರುತ್ತಿದ್ದೆವು. ತಮ್ಮನ ಹೆಸರಿಡುವ ದಿನ ನೆಂಟರಿಗೆಂದು ಒಮ್ಮೆ ಮಾತ್ರ ಆಯಿ ತಾನಾಗಿ ಬಂದು, ಇವತ್ತು ತರಲಿ ಎಂದಳು. ಅಂದರೆ ಬಿಟ್ಟವಳು ಬಾಯಿಬಿಟ್ಟು ಹೇಳಿದರೆ ಸಾಕು, ಪದಾರ್ಥ ಒಳಗೆ ಬರಬಹುದು. ಈ ಕಟ್ಟಳೆಯೇ ಮುಂದೆ ಆಯಿಯ ಕೊರಳಿಗೆ ಬಂತು.

ಆ ವರ್ಷ ನಮ್ಮೂರ ಬಸದಿಯಲ್ಲಿ ಮುನಿ ಮಹಾರಾಜರೊಬ್ಬರು ಚಾತುರ್ಮಾಸಕ್ಕೆ ನಿಂತಿದ್ದರು. ಅವರು ಹೊರಡುವ ಮುಂಚಿನ ದಿನ ಹೆಂಗಸರೆಲ್ಲ ಒಬ್ಬೊಬ್ಬರಾಗಿ ಎದ್ದು ತಮಗೆ ತಿಳಿದದ್ದನ್ನು ಬಿಡುತ್ತಿದ್ದರು. ಒಬ್ಬಳು ಚಹಾ ಬಿಟ್ಟಳು, ಒಬ್ಬಳು ಸಕ್ಕರೆ ಬಿಟ್ಟಳು. ನಾನು ಅವ್ವನ ಸೆರಗು ಹಿಡಿದು ಕೂತಿದ್ದೆ. ಅವ್ವ ಮುಂಚಿನ ದಿನವೇ ಹೇಳಿದ್ದಳು, ತಾನು ಬೆಲ್ಲ ಬಿಡುವುದಾಗಿ. ನಮ್ಮ ಸರದಿ ಬಂದಾಗ ಅವ್ವ ಏಳುವುದಕ್ಕೆ ಮೊದಲೇ ಆಯಿ ಎದ್ದು ಕೈಮುಗಿದಳು.

"ನಮ್ಮ ಸೊಸಿ ಹತ್ತರಕಿ ಬಿಡತಾಳ್ರಿ ಮಹಾರಾಜ್ರ. ಜೀವ ಇರೂತನಕ."

ಹೆಂಗಸರ ಸಾಲಿನಲ್ಲಿ ಒಂದು ಗುಜುಗುಜು ಎದ್ದಿತು. ಹತ್ತರಕಿಯ ಜಗಳ ಓಣಿಗೆಲ್ಲ ಗೊತ್ತಿತ್ತು. ಆಯಿ ಬಿಡಿಸುತ್ತಿರುವುದು ಯಾವ ಹತ್ತರಕಿ ಎಂಬುದೂ ಎಲ್ಲರಿಗೂ ಗೊತ್ತಿತ್ತು. ಅವ್ವನ ಮುಖ ಕೆಂಪಾಗಿ, ಆಮೇಲೆ ಬಿಳಿಚಿಕೊಂಡಿತು. ಮಹಾರಾಜರು ಮೆತ್ತಗಿನ ಮನುಷ್ಯ. ಅವರು ಆಯಿಯನ್ನು ನೋಡಲಿಲ್ಲ, ಅವ್ವನನ್ನು ನೋಡಿದರು.

"ಬಿಡೂದು ನೀನೋ ತಂಗಿ, ನಿಮ್ಮ ಅತ್ತಿಯೋ? ನಿನಗ ಮನಸಿದ್ರ ಅಷ್ಟ ಬಿಡು."

ಅಲ್ಲಿ ಬೇಡ ಎನ್ನಬಹುದಿತ್ತು. ಬೆಲ್ಲ ಬಿಡುತ್ತೇನೆ ಎನ್ನಬಹುದಿತ್ತು. ಮಹಾರಾಜರು ಬಾಗಿಲು ತೆರೆದೇ ಇಟ್ಟಿದ್ದರು. ಅವ್ವ ಎದ್ದು ನಿಂತು, ಸೆರಗನ್ನು ನನ್ನ ಕೈಯಿಂದ ಬಿಡಿಸಿಕೊಂಡು, ಕೈಮುಗಿದು ಹೇಳಿದ್ದು ಇದು:

"ನಮ್ಮ ಮನಿಯೊಳಗ ಎರಡ ಥರದ ಹತ್ತರಕಿ ಅದಾವ್ರಿ. ಅತ್ತಿಯವರದೊಂದು, ನಂದೊಂದು. ಎರಡೂ ಬಿಟ್ಟೆರಿ. ಮನಸಾರೆ ಬಿಟ್ಟೆ."

ಆಯಿಯ ಕೈಯಲ್ಲಿನ ಮಾಲೆ ನಿಂತದ್ದು ನಾನು ನೋಡಿದೆ. ತನ್ನದೇ ಕಟ್ಟಳೆ ತನಗೇ ಸುತ್ತಿಕೊಂಡಿದೆ ಎಂದು ಆಕೆಗೆ ಅಲ್ಲೇ, ಆ ಕ್ಷಣವೇ ಹೊಳೆದಿರಬೇಕು. ಸೊಸೆ ಎರಡನ್ನೂ ಬಿಟ್ಟಳೆಂದರೆ ಎರಡೂ ಹೊಸ್ತಿಲ ಹೊರಗೆ. ಜೋಳದ ಹೊಲದ ಹತ್ತರಕಿ ಇನ್ನು ಆಯಿಯ ರೊಟ್ಟಿಯ ಮೇಲೆ ಬರಬೇಕಾದರೆ ಸೊಸೆಯ ಬಾಯಿಂದ ಒಂದು ಹೂಂ ಬೇಕು. ಬಸದಿಯಿಂದ ಮನೆಗೆ ಬರುವಾಗ ಒಬ್ಬಳು ದಾರಿಯ ಈ ಬದಿಗೆ, ಇನ್ನೊಬ್ಬಳು ಆ ಬದಿಗೆ ನಡೆದರು. ನಾನೇ ಪೆದ್ದಿಯ ಹಾಗೆ ನಡುವೆ ನಡೆಯುತ್ತ, ಅವ್ವಾ ಇನ್ನ ನಾವೂ ತಿನ್ನೂ ಹಂಗಿಲ್ಲೇನು ಎಂದು ಕೇಳಿದೆ. ಸುಮ್ಮನ ನಡಿ ಬೇ ಎಂದು ಇಬ್ಬರೂ ಒಟ್ಟಿಗೆ ಗದರಿಸಿದರು. ಆ ಒಂದು ವಿಷಯದಲ್ಲಿ ಅವರಲ್ಲಿ ಒಗ್ಗಟ್ಟಿತ್ತು.

ನನಗೆ ಬೇಕಾಗಿದ್ದದ್ದು ತುಂಬ ಸಣ್ಣದು. ಒಂದೇ ಗಂಗಾಳದಲ್ಲಿ ಒಂದು ಬದಿಗೆ ಅವ್ವನ ಬೇಳೆ ಹಾಕಿದ ಪಲ್ಲೆ, ಇನ್ನೊಂದು ಬದಿಗೆ ಆಯಿಯ ಹಸಿ ಎಲೆ, ನಡುವೆ ರೊಟ್ಟಿ ಇಟ್ಟುಕೊಂಡು, ಯಾರ ಮುಖವನ್ನೂ ನೋಡದೆ ಉಣ್ಣುವುದು. ಅದೊಂದು ಆಸೆಗಾಗಿ ನಾನು ಎಷ್ಟು ಚಳಿಗಾಲ ಇಬ್ಬರ ಹಿಂದೆಯೂ ಅಲೆದೆನೋ. ಅಪ್ಪನಿಗೆ ಹೇಳಿದರೆ ಆತ, ಹೆಂಗಸರ ಮಾತಿನಾಗ ನಾ ಬರಂಗಿಲ್ಲ ಎಂದು ಪಂಚೆ ಕೊಡವಿ ಎದ್ದ. ಸಂಕ್ರಾಂತಿಗೆ ಭೋಜಕ್ಕೆ ಹೋದಾಗಲಾದರೂ ಸಿಕ್ಕೀತು ಎಂದುಕೊಂಡಿದ್ದೆ. ಅವ್ವನ ತಾಯಿ ಮಗಳು ಬರುವಳೆಂದು ಬೆಳಗಿನಿಂದ ಹೊಳೆದಂಡೆಯಲ್ಲಿ ಬಾಗಿ ಬಾಗಿ ಹತ್ತರಕಿ ಕಿತ್ತು, ಬೇಯಿಸಿ, ಬಿಸಿ ಆರದಂತೆ ಬೂದಿಯ ಮೇಲಿಟ್ಟಿದ್ದಳು. ಅವ್ವ ತಾಟನ್ನು ಹಿಂದಕ್ಕೆ ಸರಿಸಿ, ಬಿಟ್ಟೇನಿ ಎಂದಳು. ಅಜ್ಜಿಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದ ಮೇಲೆ ಸೆರಗು ಬಾಯಿಗಿಟ್ಟುಕೊಂಡು ಅತ್ತಳು. ಬೇರೆ ಊರಿನ ಬಸದಿಯಲ್ಲಿ, ಬೇರೆಯವರ ಹಟಕ್ಕೆ, ನನ್ನ ಕೈಯಡುಗೆಯನ್ನು ಯಾಕೆ ಬಿಟ್ಟೆ ಎಂದು ಆಕೆ ಕೇಳಿದ್ದರಲ್ಲಿ ಏನು ತಪ್ಪು? ಅವ್ವ ತಲೆ ತಗ್ಗಿಸಿ ಬರಿ ಮೊಸರನ್ನ ಉಂಡಳು. ನನಗೂ ಸಿಟ್ಟು ಬಂದು ಆ ಪಲ್ಲೆ ಮುಟ್ಟಲಿಲ್ಲ. ಬಾಯಲ್ಲಿ ನೀರೂರುತ್ತಿತ್ತು, ಆದರೂ ಮುಟ್ಟಲಿಲ್ಲ. ಹಟ ಎನ್ನುವುದು ನೆಗಡಿಯ ಹಾಗೆ, ಒಂದೇ ಮನೆಯಲ್ಲಿ ಮಲಗಿದವರಿಗೆಲ್ಲ ಅಂಟುತ್ತದೆ.

ಆಯಿಯೂ ಕಮ್ಮಿಯೇನಲ್ಲ. ಹೊಲದಲ್ಲೇ ಕೂತು ತಿಂದು ಬರಬಹುದಿತ್ತು, ಹೊಸ್ತಿಲ ಹೊರಗಿನ ಮಾತು ಬೇರೆ. ನಾನೇ ಒಮ್ಮೆ ಜೋಳದ ಹೊಲದಲ್ಲಿ ಎಲೆ ಕಿತ್ತು ಆಕೆಯ ಮುಂದೆ ಹಿಡಿದೆ. ಕಳ್ಳರಂಗ ತಿನ್ನಾಕ ನಾ ಏನ್ ಕದ್ದೇನೇನು ಎಂದು ಮುಖ ತಿರುವಿದಳು. ಹಾಗೆ ವರ್ಷಗಳು ಹೋದವು. ಆಯಿಯ ಕಾಲು ನಿಂತವು. ನಡುಮನೆಯ ಬಾಗಿಲ ಬಳಿಯೇ ಆಕೆಗೆ ಹಾಸಿಗೆ ಹಾಕಿದರು, ಓಣಿಯೂ ಒಲೆಯೂ ಕಾಣುವಂತೆ. ಆಕೆಯ ಸೇವೆಯನ್ನು ಅವ್ವನೇ ಮಾಡಿದಳು, ಒಂದು ದಿನವೂ ಮುಖ ಗಂಟಿಕ್ಕದೆ ಮಾಡಿದಳು, ಅದನ್ನೂ ಹೇಳಬೇಕು. ಸ್ನಾನ ಮಾಡಿಸಿದಳು, ತಲೆ ಬಾಚಿದಳು, ಗಂಜಿ ಕುಡಿಸಿದಳು. ಆ ಕೊನೆಯ ಚಳಿಗಾಲ ಆಯಿಗೆ ಬಾಯಿರುಚಿ ಪೂರಾ ಸತ್ತಿತ್ತು. ಏನು ಕೊಟ್ಟರೂ ಮಣ್ಣು ಎನ್ನುತ್ತಿದ್ದಳು. ಒಂದು ಮಧ್ಯಾಹ್ನ ನನ್ನನ್ನು ಹತ್ತಿರ ಕರೆದು, ಹೊಲದಾಗ ಹತ್ತರಕಿ ಬಂದೈತೇನು ಎಂದು ಕೇಳಿದಳು. ನಾನು ಮಾತು ಮುಗಿಯುವುದರೊಳಗೆ ಓಡಿದೆ. ಉಡಿ ತುಂಬ ಎಳೆಯ ಎಲೆ ಕಿತ್ತು ತಂದು ಹೊಸ್ತಿಲ ಹೊರಗೆ ನಿಂತೆ. ಹಾಲು ಅಂಟಿ ಬೆರಳೆಲ್ಲ ಕಂದುಬಣ್ಣಕ್ಕೆ ತಿರುಗಿದ್ದವು. ಆಯಿ ಮಲಗಿದಲ್ಲಿಂದಲೇ ಎಲೆಗಳನ್ನು ನೋಡಿದಳು. ಮುಖ ಅರಳಿತು. ಆಮೇಲೆ ಕೇಳಿದಳು:

"ಆಕಿ ಹೂಂ ಅಂದಾಳೇನು?"

ಎಲೆಗಳನ್ನು ಹೊಸ್ತಿಲ ಹೊರಗೇ ಇಟ್ಟು ನಾನು ಹಿತ್ತಿಲಿಗೆ ಓಡಿದೆ. ಅವ್ವ ಎಮ್ಮೆಗೆ ನೀರು ಕುಡಿಸುತ್ತಿದ್ದಳು. ಆಯಿ ಕೇಳಾಕತ್ತಾಳ, ಹೂಂ ಅನ್ನು ಎಂದೆ. ಅವ್ವ ಕೊಡ ಕೆಳಗಿಟ್ಟಳು.

"ನಾ ಬ್ಯಾಡ ಅಂದೇನೇನು? ತಿನ್ನಲಿ."

ತಿನ್ನಲಿ ಅಂದಾಳ ಎಂದು ಬಂದು ಹೇಳಿದೆ. ಆಯಿ ತಲೆಯಾಡಿಸಿದಳು. ನಿನ್ನ ಕೈಯಾಗ ಹೇಳಿ ಕಳಸೂದಲ್ಲ, ಆಕಿ ಬಂದು ನನ್ನ ಮುಂದ ಹೇಳಲಿ ಎಂದಳು. ಮತ್ತೆ ಹಿತ್ತಿಲಿಗೆ ಹೋದೆ. ಬೇಕಾದವರು ಕೇಳಬೇಕು, ಕರಸಿ ಕೇಳಲಿ ಎಂದಳು ಅವ್ವ. ಮತ್ತೆ ನಡುಮನೆಗೆ. ನಾ ಯಾಕ ಬೇಡಲಿ ಎಂದಳು ಆಯಿ. ನಡುವೆ ಇದ್ದದ್ದು ಒಂದು ಅಡುಗೆಮನೆ. ಒಬ್ಬರ ಮಾತು ಇನ್ನೊಬ್ಬರಿಗೆ ಸ್ಪಷ್ಟವಾಗಿ ಕೇಳುತ್ತಿತ್ತು, ಆದರೂ ನಾನೇ ಹೊತ್ತು ತಿರುಗಬೇಕು. ಕೊನೆಗೆ ಅಡುಗೆಮನೆಯ ನಡುವೆ ನಿಂತು, ಇಬ್ಬರೂ ಹಾಳಾಗಿ ಹೋಗ್ರಿ ಎಂದು ಅತ್ತುಬಿಟ್ಟೆ. ಅಷ್ಟರಲ್ಲಿ ಹೊತ್ತು ಮುಳುಗಿತು. ಇನ್ನು ಯಾರು ಹೂಂ ಎಂದರೂ ತಿನ್ನುವಂತಿರಲಿಲ್ಲ. ಎಲೆಗಳು ಹೊಸ್ತಿಲ ಹೊರಗೆ ಬಾಡಿದ್ದವು. ಎಮ್ಮೆ ತಿಂದಿತು. ಆಯಿ ಮತ್ತೆ ಕೇಳಲಿಲ್ಲ. ಜೋಳದ ಸುಗ್ಗಿ ಮುಗಿಯುವ ಹೊತ್ತಿಗೆ ಆಕೆ ಹೋದಳು.

ಇಷ್ಟು ವರ್ಷವಾದರೂ ಆ ಮಧ್ಯಾಹ್ನ ನೆನಪಾದರೆ ನನಗೆ ದುಃಖಕ್ಕಿಂತ ಮೊದಲು ಬರುವುದು ಸಿಟ್ಟು. ಒಂದು ಹೂಂ. ಎರಡು ಅಕ್ಷರವೂ ಅಲ್ಲ. ನಾನು ಮುಂದೆ ಚಿಕ್ಕೋಡಿಯ ಸರಕಾರಿ ಕಚೇರಿಯೊಂದರಲ್ಲಿ ಕೆಲಸಕ್ಕೆ ಸೇರಿದೆ. ಬದುವಿನ ತಕರಾರು ಹೊತ್ತುಕೊಂಡು ಅಣ್ಣತಮ್ಮಂದಿರು ಬರುವರು. ಒಬ್ಬ ಈ ಕಿಟಕಿಯಲ್ಲಿ ಕನ್ನಡದಲ್ಲಿ ಹೇಳುವನು, ಇನ್ನೊಬ್ಬ ಆ ಕಿಟಕಿಯಲ್ಲಿ ಮರಾಠಿಯಲ್ಲಿ ಹೇಳುವನು, ಪರಸ್ಪರ ಮುಖ ನೋಡಲೊಲ್ಲರು. ನಡುವೆ ನಾನು. ಬಾಯಿ ಬಹಳ ಜೋರು ಎಂದು ನನಗೆ ಹೆಸರಿತ್ತು. ಇರಲಿ. ಆ ನೌಕರಿಯ ತರಬೇತಿ ನನಗೆ ನಡುಮನೆಗೂ ಹಿತ್ತಿಲಿಗೂ ಓಡಾಡಿಯೇ ಆಗಿತ್ತು, ಜೋರು ಬಾಯಿಯೂ ಅಲ್ಲಿಂದಲೇ ಬಂದದ್ದು.

ಈಗ ಅವ್ವ ಚಿಕ್ಕೋಡಿಯಲ್ಲಿ ನನ್ನ ಜೊತೆ ಇದ್ದಾಳೆ. ಆಯಿಗೆ ಆದ ವಯಸ್ಸನ್ನು ದಾಟಿದ್ದಾಳೆ. ಊಟ ಸೇರುವುದಿಲ್ಲ, ಏನು ಮಾಡಿಕೊಟ್ಟರೂ ಎರಡು ತುತ್ತಿಗೆ ಕೈ ತೊಳೆಯುತ್ತಾಳೆ. ವಿಡಿಯೋ ನೋಡಿದ ಮರುದಿನ ನಾನು ಬಸ್ಸು ಹಿಡಿದು ಕಬ್ಬೂರಿಗೆ ಹೋದೆ. ಹೊಲವೆಲ್ಲ ಈಗ ಕಬ್ಬು. ಕಳೆಗೆ ಔಷಧ ಹೊಡೆದು ಹೊಡೆದು ಸಾಲುಗಳ ನಡುವೆ ನೆಲ ಬೋಳಾಗಿದೆ. ತಮ್ಮ, ಅದನ್ನ ಯಾರ ತಿಂತಾರ ಈಗ ಎಂದು ನಕ್ಕ. ಬಿಸಿಲಲ್ಲಿ ಸುತ್ತಿ ಸುತ್ತಿ, ಹಳೆಯ ಬದುವಿನ ಮೇಲೆ ಆಯಿಯದು ಒಂದು ಹಿಡಿ ಸಿಕ್ಕಿತು, ಬಾವಿಯ ಪಂಪಿನ ಮನೆಯ ಹಿಂದೆ ನೀರು ಸೋರುವಲ್ಲಿ ಅವ್ವನದು ಒಂದು ಹಿಡಿ ಸಿಕ್ಕಿತು. ಎರಡನ್ನೂ ಒಂದೇ ಚೀಲದಲ್ಲಿ ಹಾಕಿಕೊಂಡು ಬಂದು ನನ್ನ ಮನೆಯ ಹೊಸ್ತಿಲಲ್ಲಿ ನಿಂತೆ. ನನ್ನ ಸ್ವಂತ ಮನೆ, ನಾನೇ ಕಟ್ಟಿಸಿದ್ದು. ಆದರೂ ಕಾಲು ಒಳಗಿಡಲಾಗಲಿಲ್ಲ. ಕುರ್ಚಿಯಲ್ಲಿ ಕೂತಿದ್ದ ಅವ್ವನಿಗೆ ಚೀಲ ತೋರಿಸಿ, ಒಳಗ ತರಲೇನು ಎಂದು ಕೇಳಿದೆ.

"ನಾ ಬ್ಯಾಡ ಅಂದೇನೇನು?"

ಅದೇ ಮಾತು. ನನಗೆ ತಲೆ ಕೆಟ್ಟಿತು. ಹೂಂ ಅನ್ನು ಇಲ್ಲಾ ಊಂಹೂಂ ಅನ್ನು, ಈ ಆಟ ಬ್ಯಾಡ ನನ್ನ ಮುಂದ ಎಂದು ಕೂಗಿದೆ. ಅವ್ವ ಕುತ್ತಿಗೆ ಚಾಚಿ ಚೀಲದೊಳಗೆ ನೋಡಿದಳು. ಆಮೇಲೆ ಮೆಲ್ಲಗೆ ಹೂಂ ಎಂದಳು. ಆಯಿ ಕೇಳಿದ್ದ ಹೂಂ. ನಾನು ಚೀಲ ಹಿಡಿದು ಹೊಸ್ತಿಲು ದಾಟಿದೆ.

ಅವ್ವ ಮುಟ್ಟಲಿಲ್ಲ, ಆದರೆ ಕುರ್ಚಿಯನ್ನು ಅಡುಗೆಮನೆಯ ಬಾಗಿಲಿಗೆ ಹಾಕಿಸಿಕೊಂಡಳು. ನೀರು ಕುದ್ದ ಮೇಲೆ ಹಾಕು, ಹಿಂಡು, ಇನ್ನೂ ಹಿಂಡು, ಬೇಳೆ ಕರಗಬಾರದು ಎಂದು ಒಂದೊಂದೂ ಹೇಳಿದಳು. ಆಯಿಯದನ್ನು ಮೂರು ನೀರಲ್ಲಿ ತೊಳಿ, ಬೇರು ಕತ್ತರಿಸು, ಗುರೆಳ್ಳು ಚಟ್ನಿ ತಗಿ ಎಂದೂ ಆಕೆಯೇ ಹೇಳಿದಳು. ಒಂದನ್ನೂ ಮರೆತಿರಲಿಲ್ಲ. ಹೊತ್ತು ಮುಳುಗುವ ಮುಂಚೆ ನಾನು ಗಂಗಾಳ ಹಾಕಿಕೊಂಡು ಕೂತೆ. ಒಂದು ಬದಿಗೆ ಅದು, ಒಂದು ಬದಿಗೆ ಇದು, ನಡುವೆ ರೊಟ್ಟಿ. ಅವ್ವ ಎದುರಿಗೆ ಕೂತು ನನ್ನ ಬಾಯನ್ನೇ ನೋಡುತ್ತಿದ್ದಳು. ಒಂದು ತುತ್ತು ಇದರಲ್ಲಿ, ಒಂದು ತುತ್ತು ಅದರಲ್ಲಿ ತಿಂದೆ.

"ಯಾವುದು ಛಲೋ ಆಗೇತಿ?"

ಮಗಳ ಹಾಗೆ ಉತ್ತರ ಕೊಡಬಹುದಿತ್ತು. ಕೇಳಿದಾಕೆ ಎಂಬತ್ತು ದಾಟಿದ್ದಳು, ಬೇಕಾದದ್ದು ಒಂದೇ ಮಾತು. ಆದರೆ ಇಬ್ಬರ ನಡುವೆ ಓಡಾಡಿ ಬೆಳೆದ ಬಾಯಿ ನನ್ನದು.

"ಎರಡೂ" ಎಂದೆ.

ಅವ್ವನ ಮುಖ ಗಂಟಿಕ್ಕಿತು. ಕುರ್ಚಿಯ ಹಿಡಿ ಹಿಡಿದು ಕಷ್ಟಪಟ್ಟು ಎದ್ದಳು. ಎಷ್ಟಾದರೂ ನೀ ಆಕಿ ಮೊಮ್ಮಗಳು ಎಂದು ಹೇಳಿ, ತನ್ನ ಗಂಜಿಯನ್ನು ಮುಟ್ಟದೆ, ಗೋಡೆಗೆ ಮುಖ ಮಾಡಿ ಮಲಗಿಕೊಂಡಳು. ಹೊರಗೆ ಹೊತ್ತು ಮುಳುಗುತ್ತಿತ್ತು. ನಾನು ಗಂಜಿಯ ಬಟ್ಟಲು ಹಿಡಿದು ಆಕೆಯ ಬೆನ್ನ ಹಿಂದೆ ನಿಂತು, ಏಳವ್ವಾ, ಹೊತ್ತಾಗತೈತಿ, ಏಳು ಎಂದು ಬೇಡಿಕೊಂಡೆ.